ಮುಕ್ಕಾಲಿಂಚು ಪೈಪಿನ ಏಣಿ ಚೆಂಡಾಟ: ಅಂಗಳದಲ್ಲೇ ಕಟ್ಟಿಕೊಳ್ಳುವ ಬಗೆ

ಮುಕ್ಕಾಲು ಮೊಳದ ಹಗ್ಗ, ಅದರ ಎರಡು ತುದಿಗೆ ಒಂದೊಂದು ಚೆಂಡು. ಎದುರಿಗೆ ಮೂರು ಅಡ್ಡಕೋಲಿನ ಸೊಂಟದೆತ್ತರದ ಏಣಿ. ಹದಿನೈದು ಅಡಿ ದೂರದಿಂದ ಎಸೆದ ಜೋಡಿಚೆಂಡು ಅಡ್ಡಕೋಲಿಗೆ ಸುತ್ತಿಕೊಂಡು ನೇತಾಡಿದರೆ ಅಂಕ, ಬಿದ್ದರೆ ಇಲ್ಲ. ಆಟ ಇಷ್ಟೇ. ಅಮೆರಿಕದ ಕ್ಯಾಂಪುಗಳಲ್ಲಿ, ಮನೆ ಹಿತ್ತಿಲುಗಳಲ್ಲಿ ಇದು ಲ್ಯಾಡರ್ ಗಾಲ್ಫ್, ಲ್ಯಾಡರ್ ಟಾಸ್ ಎಂಬ ಹೆಸರಿನಲ್ಲಿ ಬಳಕೆಯಲ್ಲಿದೆ. ಹಗ್ಗಕ್ಕೆ ಗುಂಡು ಕಟ್ಟಿ ಎಸೆಯುವ ಉಪಾಯ ಇನ್ನೂ ಹಳೆಯದು. ದಕ್ಷಿಣ ಅಮೆರಿಕದ ದನಗಾಹಿಗಳು ಓಡುವ ದನದ ಕಾಲಿಗೆ ಸಿಕ್ಕಿಸಿ ಕೆಡವಲು ಬೋಲಾ ಎನ್ನುವ ಇಂಥದೇ ಸಾಧನ ಬಳಸುತ್ತಿದ್ದರು.

ಕಟ್ಟಲು ಬೇಕಾದ ಸಾಮಾನು ಹಾಸನದಲ್ಲಾಗಲಿ ಚಿಕ್ಕಮಗಳೂರಿನಲ್ಲಾಗಲಿ ಪ್ಲಂಬಿಂಗ್ ಸಾಮಾನು ಮಾರುವ ಯಾವ ಅಂಗಡಿಯಲ್ಲೂ ಸಿಗುತ್ತದೆ. ಪೈಪ್ ಕತ್ತರಿಸುವುದು ಯಾರಿಗಾದರೂ ಬರುವ ಕೆಲಸ. ಏಣಿ ಕೆಡುವುದು ಎರಡು ಕಡೆ: ಪೈಪಿಗೂ ಅದನ್ನು ಜೋಡಿಸುವ ಫಿಟ್ಟಿಂಗಿಗೂ ಅಳತೆ ಕೂಡದಿದ್ದಾಗ, ಮತ್ತು ಅಂಟು ಹಾಕುವ ಆ ಅರ್ಧ ನಿಮಿಷದಲ್ಲಿ. ಇವೆರಡನ್ನು ಗೆದ್ದರೆ ಉಳಿದದ್ದು ಒಂದು ಮಧ್ಯಾಹ್ನದ ಕೆಲಸ.

ಯಾವ ಪೈಪು

ಬೇಕಾದದ್ದು ಬಿಳಿ ಯುಪಿವಿಸಿ ಪ್ಲಂಬಿಂಗ್ ಪೈಪು, ಮುಕ್ಕಾಲಿಂಚು, ಶೆಡ್ಯೂಲ್ 40 (ಗೋಡೆ ದಪ್ಪದ ದರ್ಜೆ). ಇದರ ಹೊರ ವ್ಯಾಸ 26.7 ಮಿ.ಮೀ., ಗೋಡೆ ದಪ್ಪ ಸುಮಾರು 2.9 ಮಿ.ಮೀ. ಚೆಂಡು ಸಾವಿರ ಸಲ ಬಡಿದರೂ ತಡೆಯುವಷ್ಟು ಗಟ್ಟಿ, ಒಬ್ಬರೇ ಎತ್ತಿ ಒಯ್ಯುವಷ್ಟು ಹಗುರ.

ತೋಟದ ಮನೆಗಳಲ್ಲಿ ಪೈಪಿಗೇನೂ ಬರವಿಲ್ಲ, ನಿಜ. ಸ್ಟೋರಿನ ಮೂಲೆಯಲ್ಲಿ ಉಳಿದ ಬೂದು ಬಣ್ಣದ ಪೈಪ್ ಕಂಡೊಡನೆ ಅದನ್ನೇ ಬಳಸುವ ಮನಸ್ಸಾಗುತ್ತದೆ. ಬಳಸಬಹುದು, ಆದರೆ ಒಂದು ವಿಷಯ ನೋಡಿಕೊಂಡು. ಕೃಷಿಗೆ ಬರುವ ಬೂದು ಪೈಪಿನ ಅಳತೆ ಮಿಲಿಮೀಟರಿನದು: 20, 25, 32, ಹೀಗೆ. ಅಂಗಡಿಯವರು 25 ಮಿ.ಮೀ. ಪೈಪನ್ನೂ ‘ಮುಕ್ಕಾಲಿಂಚು’ ಎಂದೇ ಕರೆಯುತ್ತಾರೆ. ಬಿಳಿ ಪೈಪಿನ ಮುಕ್ಕಾಲಿಂಚು ಮಾತ್ರ 26.7 ಮಿ.ಮೀ. ಬೂದು ಪೈಪನ್ನು ಬಿಳಿ ‘ಟೀ’ (ಮೂರು ಬಾಯಿಯ ಫಿಟ್ಟಿಂಗು) ಒಳಗೆ ತೂರಿಸಿದರೆ ವ್ಯಾಸದಲ್ಲಿ ಒಂದೂವರೆ ಮಿಲಿಮೀಟರಿಗೂ ಮಿಕ್ಕಿ ಸಡಿಲ ಉಳಿಯುತ್ತದೆ. ಎಷ್ಟು ಅಂಟು ಸುರಿದರೂ ಆ ಜೋಡಣೆ ನಿಲ್ಲುವುದಿಲ್ಲ, ಏಣಿ ಮೊದಲ ದಿನದಿಂದಲೇ ವಾಲಾಡುತ್ತದೆ. ಬೂದು ಪೈಪಿಗೆ ಬೂದು ಫಿಟ್ಟಿಂಗು, ಬಿಳಿಗೆ ಬಿಳಿ. ಒಂದು ತುಂಡು ಪೈಪು ಜೇಬಿನಲ್ಲಿಟ್ಟುಕೊಂಡು ಹೋಗಿ, ಅಂಗಡಿಯಲ್ಲೇ ಫಿಟ್ಟಿಂಗಿಗೆ ತೂರಿಸಿ ನೋಡಿ. ಪೈಪು ಅರ್ಧದಿಂದ ಮುಕ್ಕಾಲು ಭಾಗದವರೆಗೆ ಹೋಗಿ ಬಿಗಿಯಾಗಿ ನಿಂತರೆ ಸರಿ. ಸಲೀಸಾಗಿ ತಳಕ್ಕೆ ಇಳಿದರೆ ಬೇಡ.

ಬೇಡದ ಇನ್ನಷ್ಟು ಪೈಪುಗಳಿವೆ. ಎಲೆಕ್ಟ್ರಿಕ್ ವೈರಿಂಗಿನ ಕಂಡ್ಯೂಟ್ ಪೈಪಿಗೆ ಗೋಡೆ ತೆಳು. ಗಾಲ್ಫ್ ಚೆಂಡು ನಾಲ್ಕು ದಿನ ಬಡಿದರೆ ಸೀಳುತ್ತದೆ. ಬಿಸಿನೀರಿನ ಕೆನೆಬಣ್ಣದ ಸಿಪಿವಿಸಿ ದುಬಾರಿ, ಅದರ ಅಳತೆಯೂ ಬೇರೆ, ಅಂಟೂ ಬೇರೆ. ಸುರುಳಿಯಲ್ಲಿ ಬರುವ ಕಪ್ಪು ಪೈಪು ಎಷ್ಟು ನೇರ ಮಾಡಿದರೂ ಮತ್ತೆ ಬಾಗುತ್ತದೆ, ಸಾಲದ್ದಕ್ಕೆ ಪಿವಿಸಿ ಅಂಟು ಅದಕ್ಕೆ ಹಿಡಿಯುವುದೇ ಇಲ್ಲ. ಡ್ರಿಪ್ ಪೈಪಿನ ಮಾತು ಬಿಡಿ.

ಎಷ್ಟು ಬೇಕು

ಎರಡು ಏಣಿ, ಆರು ಜೋಡಿಚೆಂಡಿನ ಪೂರ್ತಿ ಸೆಟ್ಟಿಗೆ ಲೆಕ್ಕ ಇದು:

ಮುಕ್ಕಾಲಿಂಚು ಯುಪಿವಿಸಿ ಪೈಪು 12 ಮೀಟರ್, ಅಂದರೆ 3 ಮೀಟರಿನ ನಾಲ್ಕು ಇಲ್ಲವೇ 6 ಮೀಟರಿನ ಎರಡು
ಟೀ 12, ಎಲ್ಬೋ (ಮೂಲೆಗೆ ತಿರುಗುವ ಎರಡು ಬಾಯಿಯ ಫಿಟ್ಟಿಂಗು) 12
ಯುಪಿವಿಸಿ ಸಾಲ್ವೆಂಟ್ ಸಿಮೆಂಟ್ (ಪೈಪಿನ ಅಂಟು) 100 ಮಿ.ಲೀ. ಡಬ್ಬಿ ಒಂದು
13 ಮಿ.ಮೀ. ಉದ್ದದ ಸ್ಕ್ರೂ 20, ಜೊತೆಗೆ ಕಳೆದುಹೋಗುವುದಕ್ಕೆಂದು ನಾಲ್ಕು
ಚೆಂಡು 12
6 ಮಿ.ಮೀ. ದಪ್ಪದ ಹೆಣೆದ ನೈಲಾನ್ ಹಗ್ಗ 4 ಮೀಟರ್
ಇನ್ಸುಲೇಷನ್ ಟೇಪು ಮೂರು ಬಣ್ಣ, 120 ನಂಬರಿನ ಉಪ್ಪುಕಾಗದ ಒಂದು ಹಾಳೆ

ಉಪಕರಣಗಳೆಂದರೆ ಹ್ಯಾಕ್ಸಾ (ಇಂಚಿಗೆ 24 ಹಲ್ಲಿನ ಬ್ಲೇಡು), ಅಳತೆ ಟೇಪು, ಮಾರ್ಕರ್, ಚಾಕು, ಡ್ರಿಲ್ ಮೆಷಿನ್, 2.5 ಮತ್ತು 6 ಮಿ.ಮೀ. ಬಿಟ್ಟು, ಮರದ ಕೊಡತಿ.

ಎರಡು ಏಣಿ ಬೇಕೇ ಎಂದರೆ, ಇದ್ದರೆ ಒಳ್ಳೆಯದು. ಎಸೆದ ಚೆಂಡನ್ನು ಹೆಕ್ಕಲು ಹೋದವರು ಅಲ್ಲಿಂದಲೇ ತಿರುಗಿ ಎಸೆಯಬಹುದು, ನಡೆದಾಟ ಅರ್ಧಕ್ಕೆ ಇಳಿಯುತ್ತದೆ. ಒಂದರಲ್ಲೂ ಆಟ ನಡೆಯುತ್ತದೆ.

ಕತ್ತರಿಸುವ ಲೆಕ್ಕ

ಈ ವಿನ್ಯಾಸದಲ್ಲಿ ತುಂಡುಗಳದ್ದು ಎರಡೇ ಅಳತೆ. ಉದ್ದ ತುಂಡು 59.5 ಸೆಂ.ಮೀ., ಏಣಿಗೆ ಐದು: ಮೂರು ಅಡ್ಡಕೋಲು, ಎರಡು ನೆಲದ ಪಟ್ಟಿ. ಗಿಡ್ಡ ತುಂಡು 29.8 ಸೆಂ.ಮೀ., ಏಣಿಗೆ ಹತ್ತು: ನಿಲುವಿಗೆ ಆರು, ಪಾದಕ್ಕೆ ನಾಲ್ಕು. 3 ಮೀಟರಿನ ಒಂದು ಪೈಪಿನಲ್ಲಿ ಐದು ಉದ್ದ ತುಂಡು, ಇನ್ನೊಂದರಲ್ಲಿ ಹತ್ತು ಗಿಡ್ಡ ತುಂಡು ಸರಿಯಾಗಿ ಬರುತ್ತವೆ. 60 ಮತ್ತು 30 ಎಂದು ದುಂಡಾಗಿ ಅಳೆದರೆ ಕೊನೆಯ ತುಂಡು ಮೋಸ ಹೋಗುತ್ತದೆ: ಹ್ಯಾಕ್ಸಾ ಪ್ರತಿ ಕೊಯ್ತಕ್ಕೂ ಹತ್ತಿರ ಹತ್ತಿರ ಒಂದು ಮಿಲಿಮೀಟರ್ ತಿನ್ನುತ್ತದೆ, ಒಂಬತ್ತು ಕೊಯ್ತಕ್ಕೆ ಒಂಬತ್ತು ಮಿಲಿಮೀಟರ್. ಅದಕ್ಕೇ ಗಿಡ್ಡ ತುಂಡಿಗೆ ಆ ಎರಡು ಮಿಲಿಮೀಟರಿನ ಕಡಿತ. ಕೊಯ್ಯುವ ಮೊದಲು ಪೈಪು ಪೂರ್ತಿ 3 ಮೀಟರ್ ಇದೆಯೇ ಎಂದು ಅಳೆದುಕೊಳ್ಳಿ. ಸಾಗಿಸುವಾಗ ತುದಿ ಒಡೆದ ಪೈಪು ಅಂಗಡಿಯಲ್ಲಿ ಇದ್ದೇ ಇರುತ್ತದೆ.

ಗಿಡ್ಡ ತುಂಡುಗಳು ಹತ್ತೂ ಒಂದೇ ಅಳತೆಯಲ್ಲಿರುವುದು 29.8 ಎಂಬ ಅಂಕಿಗಿಂತ ಮುಖ್ಯ. ಹತ್ತೂ 29.5 ಆದರೆ ಏಣಿ ಸ್ವಲ್ಪ ಕುಳ್ಳಾಗುತ್ತದೆ, ಯಾರಿಗೂ ತಿಳಿಯುವುದಿಲ್ಲ. ಒಂದು 29.5, ಇನ್ನೊಂದು 30.2 ಆದರೆ ಅಡ್ಡಕೋಲು ಓರೆಯಾಗಿ ಕೂರುತ್ತದೆ, ಸುತ್ತಿಕೊಂಡ ಚೆಂಡು ಇಳಿಜಾರಿನತ್ತ ಜಾರಿ ಮೂಲೆಗೆ ಬಂದು ನಿಲ್ಲುತ್ತದೆ. ಆದ್ದರಿಂದ ಪ್ರತಿ ಸಲವೂ ಟೇಪು ಹಿಡಿಯಬೇಡಿ. ಮೊದಲ ತುಂಡನ್ನು ಸರಿಯಾಗಿ ಕೊಯ್ದು ‘ಮಾದರಿ’ ಎಂದು ಬರೆದಿಡಿ, ಉಳಿದ ಒಂಬತ್ತಕ್ಕೂ ಅದರಿಂದಲೇ ಗುರುತು ಹಾಕಿ.

ಕೊಯ್ತ ನೇರ ಬರಲು ಪೈಪಿನ ಸುತ್ತ ಒಂದು ಕಾಗದದ ಪಟ್ಟಿ ಸುತ್ತಿ. ಪಟ್ಟಿಯ ಅಂಚಿಗೆ ಅಂಚು ಕೂಡಿದ ಕಡೆ ಮಾರ್ಕರ್ ಎಳೆದರೆ ಪೂರ್ತಿ ಸುತ್ತಿನ ಗೆರೆ ಸಿಗುತ್ತದೆ. ಒಂದೇ ಕಡೆಯಿಂದ ಕೊಯ್ದುಕೊಂಡು ಹೋಗದೆ ಪೈಪನ್ನು ತಿರುಗಿಸುತ್ತ ಗೆರೆಯ ಮೇಲೆ ಕೊಯ್ಯಿರಿ. ಕತ್ತರಿಯಂಥ ಪೈಪ್ ಕಟ್ಟರ್ ಇದ್ದರೆ ಬೇಗ ಆಗುತ್ತದೆ, ಹಾಳೂ ಇಲ್ಲ. ಆದರೆ ಡಿಸೆಂಬರಿನ ಬೆಳಗಿನ ಚಳಿಯಲ್ಲಿ ಅದನ್ನು ಹಿಡಿಯಬೇಡಿ. ತಣ್ಣಗಾದ ಪಿವಿಸಿ ಬಿರುಸು, ಕತ್ತರಿಯ ಒತ್ತಡಕ್ಕೆ ಉದ್ದಕ್ಕೂ ಸೀಳುಬಿಡುತ್ತದೆ. ಪೈಪನ್ನು ಹತ್ತು ಗಂಟೆಯ ಬಿಸಿಲಿಗೆ ಸ್ವಲ್ಪ ಹೊತ್ತು ಹಾಕಿ ಆಮೇಲೆ ಕತ್ತರಿಸಿ.

ಕೊಯ್ದ ಅಂಚಿನ ಒಳಗೂ ಹೊರಗೂ ಏಳುವ ಸಿಬಿರನ್ನು ಚಾಕುವಿನಿಂದ ಹೆರೆಯಿರಿ. ಹೊರಗಿನ ಸಿಬಿರು ಉಳಿದರೆ ಪೈಪು ಒಳಗೆ ಹೋಗುವಾಗ ಅಂಟನ್ನೆಲ್ಲ ಹೆರೆದುಕೊಂಡು ತಳಕ್ಕೆ ತಳ್ಳುತ್ತದೆ, ಜೋಡಣೆಯಲ್ಲಿ ಅಂಟೇ ಉಳಿಯುವುದಿಲ್ಲ.

ಏಣಿಯ ಆಕಾರ

ಒಂದು ಏಣಿಗೆ ಎರಡು ಪಕ್ಕಗಳು. ಪ್ರತಿ ಪಕ್ಕವೂ ತಲೆಕೆಳಗಾದ ‘ಟಿ’ ಆಕಾರದಲ್ಲಿದೆ. ತಳದಲ್ಲಿ ಪಾದದ ಟೀ. ಅದರ ಮುಂದಕ್ಕೊಂದು ಹಿಂದಕ್ಕೊಂದು ಗಿಡ್ಡ ತುಂಡು, ಅವುಗಳ ತುದಿಗೆ ಒಂದೊಂದು ಎಲ್ಬೋ. ಪಾದದ ಟೀಯಿಂದ ಮೇಲಕ್ಕೆ ಗಿಡ್ಡ ತುಂಡು, ಟೀ, ಗಿಡ್ಡ ತುಂಡು, ಟೀ, ಗಿಡ್ಡ ತುಂಡು, ತುದಿಯಲ್ಲಿ ಎಲ್ಬೋ. ಒಟ್ಟು ಮೂರು ಟೀ, ಮೂರು ಎಲ್ಬೋ, ಐದು ಗಿಡ್ಡ ತುಂಡು.

ನಿಲುವಿನ ಎರಡು ಟೀ, ತುದಿಯ ಎಲ್ಬೋ, ಪಾದದ ಎರಡು ಎಲ್ಬೋ — ಈ ಐದರ ಖಾಲಿ ಬಾಯಿಗಳೂ ಒಂದೇ ದಿಕ್ಕಿಗೆ, ಎದುರಿನ ಪಕ್ಕದ ಕಡೆಗೆ ನೋಡುತ್ತಿರಬೇಕು. ಆ ಐದು ಬಾಯಿಗೆ ಐದು ಉದ್ದ ತುಂಡು ತೂರಿಸಿ ಇನ್ನೊಂದು ಪಕ್ಕ ಸೇರಿಸಿದರೆ ಏಣಿ ನಿಲ್ಲುತ್ತದೆ. ಎತ್ತರ ಸುಮಾರು ಒಂದು ಮೀಟರ್. ಅಡ್ಡಕೋಲಿಂದ ಅಡ್ಡಕೋಲಿಗೆ 32 ರಿಂದ 33 ಸೆಂ.ಮೀ. ಈ ಆಟದ ವಾಡಿಕೆಯ ಅಂತರ 13 ಇಂಚು, ಅಂದರೆ 33 ಸೆಂ.ಮೀ.

ಗಿಡ್ಡ ತುಂಡು 30ಕ್ಕೂ ಕಡಿಮೆಯಿದ್ದು ಅಂತರ 33 ಹೇಗೆ ಬರುತ್ತದೆಂದರೆ, ಟೀಯ ನಟ್ಟನಡುವಿನಿಂದ ಪೈಪು ಹೋಗಿ ನಿಲ್ಲುವ ಮೆಟ್ಟಿಲಿನವರೆಗೆ ಸುಮಾರು 14 ಮಿ.ಮೀ. ಇದೆ. ಎರಡು ತುದಿಗೆ 28. ಈ 14 ಕಂಪನಿಯಿಂದ ಕಂಪನಿಗೆ ಒಂದೆರಡು ಮಿಲಿಮೀಟರ್ ಏರುಪೇರಾಗಬಹುದು. ಆದ್ದರಿಂದ ಹನ್ನೆರಡು ಟೀಯನ್ನೂ ಒಂದೇ ಕಂಪನಿಯದು ಕೊಳ್ಳಿ.

ಅಂಟಿಸುವುದು

ಸಾಲ್ವೆಂಟ್ ಸಿಮೆಂಟ್ ಗೋಂದಲ್ಲ. ಅದು ಪಿವಿಸಿಯ ಮೇಲ್ಪದರವನ್ನೇ ಕರಗಿಸುತ್ತದೆ, ಕರಗಿದ ಎರಡು ಮೈಗಳು ಬೆಸೆದುಕೊಂಡು ಗಟ್ಟಿಯಾಗುತ್ತವೆ. ಒಮ್ಮೆ ಬೆಸೆದರೆ ಬಿಡಿಸುವ ದಾರಿ ಇಲ್ಲ, ಕೊಯ್ದು ಎಸೆಯಬೇಕು. ಕೈಯಲ್ಲಿರುವ ಸಮಯ ಅರ್ಧ ನಿಮಿಷ.

ಫಿಟ್ಟಿಂಗಿನ ಬಾಯಿ ಒಳಕ್ಕೆ ಹೋದಂತೆ ಸ್ವಲ್ಪ ಸ್ವಲ್ಪವೇ ಕಿರಿದಾಗುತ್ತದೆ. ಅಂಟಿಲ್ಲದೆ ತೂರಿಸಿದ ಪೈಪು ತಳ ಮುಟ್ಟದಿರುವುದು ಇದರಿಂದಲೇ. ಅಂಟು ಹಚ್ಚಿದಾಗ ಮೈ ಮೆತ್ತಗಾಗಿ ಪೈಪು ತಳದವರೆಗೂ ಇಳಿಯುತ್ತದೆ. ಹೀಗಾಗಿ ಅಂಟಿಲ್ಲದೆ ಜೋಡಿಸಿ ನೋಡಿದ ಏಣಿ ಅಂಟಿಸಿದ ಏಣಿಗಿಂತ ಎತ್ತರ, ಒಂದು ನಿಲುವಿನಲ್ಲೇ ಮೂರ್ನಾಲ್ಕು ಸೆಂಟಿಮೀಟರ್ ವ್ಯತ್ಯಾಸ ಬರಬಹುದು. ಒಂದು ಪಕ್ಕ ಅಂಟಿಸಿ ಇನ್ನೊಂದನ್ನು ಹಾಗೇ ಬಿಟ್ಟರೆ ಅಡ್ಡಕೋಲುಗಳು ಯಾವತ್ತೂ ಮಟ್ಟಕ್ಕೆ ಬರುವುದಿಲ್ಲ. ಇಲ್ಲಿನ ನಿಯಮ ಸರಳ: ಗಿಡ್ಡ ತುಂಡುಗಳೆಲ್ಲ ಅಂಟಿಗೆ, ಉದ್ದ ತುಂಡುಗಳೆಲ್ಲ ಸ್ಕ್ರೂಗೆ. ಐದು ಉದ್ದ ತುಂಡುಗಳೂ ಅಂಟಿಲ್ಲದೆ ಒಂದೇ ಬಗೆಯಲ್ಲಿ ಕೂರುವುದರಿಂದ ಮೇಲಿನ ಅಗಲವೂ ಕೆಳಗಿನ ಅಗಲವೂ ಕೂಡುತ್ತವೆ. ಬೇಕೆಂದಾಗ ಏಣಿ ಬಿಚ್ಚಿ ಎರಡು ಚಪ್ಪಟೆ ಪಕ್ಕ, ಐದು ಕೋಲು ಮಾಡಿ ಕಾರಿನ ಹಿಂದಿನ ಸೀಟಿನ ಮೇಲೆ ಹಾಕಬಹುದು.

ಮೊದಲು ಒಂದು ಪಕ್ಕವನ್ನು ಅಂಟಿಲ್ಲದೆ ನೆಲದ ಮೇಲೆ ಜೋಡಿಸಿ. ಮಟ್ಟವಾದ ನೆಲ ಬೇಕು, ಜಗಲಿ ಸಾಕು. ಆದರೆ ಕೆಳಗೆ ಪತ್ರಿಕೆ ಹಾಸಿ, ಈ ಅಂಟು ರೆಡ್ ಆಕ್ಸೈಡ್ ನೆಲದ ಹೊಳಪು ತೆಗೆಯುತ್ತದೆ. ಐದು ಖಾಲಿ ಬಾಯಿಗಳೂ ಸೂರಿನ ಕಡೆ ನೋಡುವಂತೆ ಮಲಗಿಸಿ, ಒಂದೊಂದರಲ್ಲೂ ಒಂದು ಉದ್ದ ತುಂಡು ನಿಲ್ಲಿಸಿ. ಈಗ ಐದು ಕಂಬ ನಿಂತಿವೆ. ಒಂದು ಕಣ್ಣು ಮುಚ್ಚಿ ಪಕ್ಕದಿಂದ ನೋಡಿದರೆ ಯಾವುದು ವಾಲಿದೆ ಎಂದು ಕೂಡಲೇ ಕಾಣುತ್ತದೆ. ಎಲ್ಲ ಕಂಬಗಳ ತುದಿಯ ಅಂತರವೂ ಬುಡದ ಅಂತರವೂ ಒಂದೇ ಆಗುವವರೆಗೆ ಫಿಟ್ಟಿಂಗುಗಳನ್ನು ಹೊರಳಿಸಿ. ಸರಿಯಾದ ಮೇಲೆ ಪ್ರತಿ ಜೋಡಣೆಯಲ್ಲೂ ಪೈಪಿನ ಮೇಲಿಂದ ಫಿಟ್ಟಿಂಗಿನ ಮೇಲಕ್ಕೆ ಹಾಯುವ ಹಾಗೆ ಮಾರ್ಕರಿನಿಂದ ಒಂದು ಗೆರೆ ಎಳೆಯಿರಿ, ಜೊತೆಗೆ 1-1, 2-2 ಎಂದು ನಂಬರು ಹಾಕಿ. ಪೈಪಿನ ಮೇಲಿನ ಗೆರೆ ಉದ್ದವಿರಲಿ. ಅಂಟು ಹಚ್ಚುವಾಗ ತುದಿಯ ಎರಡು ಸೆಂಟಿಮೀಟರ್ ಗೆರೆ ಅಳಿಸಿಹೋಗುತ್ತದೆ.

ಬಿಚ್ಚಿ, ಒಂದೊಂದಾಗಿ ಅಂಟಿಸಿ. ಪೈಪಿನ ತುದಿಯನ್ನೂ ಫಿಟ್ಟಿಂಗಿನ ಬಾಯಿಯನ್ನೂ ಒಣ ಬಟ್ಟೆಯಲ್ಲಿ ಒರೆಸಿ. ಪೈಪಿಗೆ ಸುತ್ತಲೂ, ಬಾಯಿಯೊಳಗೆ ತೆಳುವಾಗಿ ಸಿಮೆಂಟ್ ಹಚ್ಚಿ. ಗೆರೆಯಿಂದ ಕಾಲು ಸುತ್ತು ಆಚೆಗೆ ಹಿಡಿದು ತೂರಿಸಿ, ತಳ ಮುಟ್ಟುವವರೆಗೆ ಒತ್ತುತ್ತ ಗೆರೆಗೆ ಗೆರೆ ಕೂಡುವಂತೆ ತಿರುಗಿಸಿ. ಆಮೇಲೆ ಕೈ ಬಿಡಬೇಡಿ. ಕಿರಿದಾಗುವ ಬಾಯಿ ಒದ್ದೆ ಪೈಪನ್ನು ಮೆಲ್ಲಗೆ ಹೊರಕ್ಕೆ ನೂಕುತ್ತದೆ. ಮೂವತ್ತು ಎಣಿಸುವವರೆಗೆ ಅದುಮಿ ಹಿಡಿಯಿರಿ. ಇದೊಂದನ್ನು ಬಿಟ್ಟವರ ಏಣಿಯಲ್ಲೇ ಒಂದು ನಿಲುವು ಇನ್ನೊಂದಕ್ಕಿಂತ ಬೆರಳಗಲ ಎತ್ತರ ಇರುವುದು.

ಪಾದದಿಂದ ಶುರುಮಾಡಿ ಮೇಲಕ್ಕೆ ಹೋಗಿ. ಒಂದು ಪಕ್ಕಕ್ಕೆ ಹತ್ತು ಜೋಡಣೆ, ಎರಡು ಏಣಿಗೆ ನಲವತ್ತು. ಪ್ರತಿ ಮೂರ್ನಾಲ್ಕು ಜೋಡಣೆಗೊಮ್ಮೆ ಪಕ್ಕವನ್ನು ನೆಲಕ್ಕೆ ಮಲಗಿಸಿ ಕಂಬ ನಿಲ್ಲಿಸಿ ನೋಡಿ. ಮೊದಲ ಪಕ್ಕ ಮುಗಿದ ಮೇಲೆ ಎರಡನೆಯದನ್ನು ಅದರ ಮೇಲೆಯೇ ಇಟ್ಟು ತಾಳೆ ಹಾಕುತ್ತ ಅಂಟಿಸಿದರೆ ಎರಡೂ ಒಂದೇ ಅಳತೆಗೆ ಬರುತ್ತವೆ. ಮುಂದೆ ಹಿಂದೆ ಒಂದೇ ಉದ್ದ ಇರುವುದರಿಂದ ಎಡ ಬಲ ಎಂಬ ಭೇದವಿಲ್ಲ, ನಾಲ್ಕು ಪಕ್ಕವೂ ಒಂದೇ.

ಕಿಟಕಿ ತೆರೆದಿಡಿ; ಆವಿ ತಲೆನೋವು ತರುತ್ತದೆ. ಬೇಗ ಹೊತ್ತಿಕೊಳ್ಳುವಂಥದ್ದು, ಒಲೆಯ ಹತ್ತಿರವೂ ಬೀಡಿಯ ಹತ್ತಿರವೂ ಬೇಡ. ಮುಚ್ಚಳ ತೆರೆದಿಟ್ಟ ಡಬ್ಬಿಯಲ್ಲಿ ಅಂಟು ಜೆಲ್ಲಿಯಾಗುತ್ತದೆ, ಆಮೇಲೆ ಅದರಲ್ಲಿ ಸಾರವಿಲ್ಲ. ಸಕಲೇಶಪುರ, ಮೂಡಿಗೆರೆ, ಶೃಂಗೇರಿ ಕಡೆಯ ಮಳೆಗಾಲದಲ್ಲಿ ಪೈಪಿನ ಮೈ ಕಣ್ಣಿಗೆ ಒಣಗಿದಂತೆ ಕಂಡರೂ ತೇವ ಹಿಡಿದಿರುತ್ತದೆ. ಒರೆಸಿ, ಒಲೆಯ ಕೋಣೆಯಲ್ಲಿ ಒಂದು ರಾತ್ರಿ ಇಟ್ಟು ಆಮೇಲೆ ಅಂಟಿಸಿ. ಬೇಸಿಗೆಯಲ್ಲಿ ಒಂದು ದಿನ ಬಿಟ್ಟು ಆಡಬಹುದು, ಮಳೆಗಾಲದಲ್ಲಿ ಎರಡು ದಿನ ಬಿಡಿ.

ಅಡ್ಡಕೋಲು

ತೂರಿಸುವ ಮೊದಲು ಮೂರೂ ಅಡ್ಡಕೋಲುಗಳ ಹೊಳಪನ್ನು ಉಪ್ಪುಕಾಗದದಿಂದ ತೆಗೆಯಿರಿ. ಹೊಸ ಪಿವಿಸಿ ಮೈ ನುಣುಪು. ಹಗ್ಗ ಒಂದು ಸುತ್ತು ಬಿದ್ದು ಮತ್ತೆ ಬಿಚ್ಚಿಕೊಳ್ಳುತ್ತದೆ. ಪೈಪಿನ ಸುತ್ತ, ಅಂದರೆ ಉದ್ದಕ್ಕಲ್ಲ ಅಡ್ಡಕ್ಕೆ, ನಾಲ್ಕಾರು ಸಲ ಉಜ್ಜಿ ಮಂಕಾದರೆ ಸಾಕು.

ಐದು ಕೋಲುಗಳನ್ನು ಒಂದು ಪಕ್ಕಕ್ಕೆ ತೂರಿಸಿ, ಮೇಲೆ ಇನ್ನೊಂದು ಪಕ್ಕ ಕೂರಿಸಿ, ಮರದ ತುಂಡು ಅಡ್ಡ ಹಿಡಿದು ಕೊಡತಿಯಿಂದ ಬಡಿಯಿರಿ. ಒಂದೇ ಕಡೆ ಪೂರ್ತಿ ಬಡಿಯದೆ ಐದೂ ಕಡೆ ಸುತ್ತಿಕೊಂಡು ಸ್ವಲ್ಪ ಸ್ವಲ್ಪ. ಏಣಿ ನಿಲ್ಲಿಸಿ ಕುಂಟುತ್ತದೆಯೇ ನೋಡಿ. ಕುಂಟಿದರೆ ಪಾದ ಹಿಡಿದು ತಿರುಚಿ ಸರಿಮಾಡಲು ಈಗ ಅವಕಾಶವಿದೆ. ಆಮೇಲೆ ಹಿಂಬದಿಯಿಂದ, ಫಿಟ್ಟಿಂಗಿನ ಗೋಡೆ ಮತ್ತು ಪೈಪಿನ ಗೋಡೆ ಎರಡನ್ನೂ ದಾಟುವಂತೆ 2.5 ಮಿ.ಮೀ. ತೂತು ಕೊರೆದು ಸ್ಕ್ರೂ ಹಾಕಿ. ತೂತಿಲ್ಲದೆ ನೇರ ಸ್ಕ್ರೂ ತಿರುಗಿಸಿದರೆ ಫಿಟ್ಟಿಂಗು ಬಿರುಕು ಬಿಡುತ್ತದೆ. ಸ್ಕ್ರೂ ತಲೆ ಹಿಂದೆ ಇದ್ದರೆ ಹಗ್ಗಕ್ಕೆ ತರಚುವುದಿಲ್ಲ.

ಬಣ್ಣಕ್ಕೆ ಪೇಂಟಿಗಿಂತ ಟೇಪೇ ವಾಸಿ. ಪೇಂಟು ಹಗ್ಗದ ಉಜ್ಜಾಟಕ್ಕೆ ಸಿಪ್ಪೆಯೇಳುತ್ತದೆ. ಟೇಪನ್ನೂ ಕೋಲಿನ ಎರಡು ತುದಿಗೆ ಮಾತ್ರ, ನಾಲ್ಕು ಬೆರಳಗಲ ಸುತ್ತಿ, ನಡುಭಾಗ ಬಿಡಿ. ಅರಿಶಿನ ಕುಂಕುಮದ ಬಣ್ಣ ಎರಡು ಕೋಲಿಗೆ, ಮೂರನೆಯದಕ್ಕೆ ಹಸಿರೋ ನೀಲಿಯೋ.

ಜೋಡಿಚೆಂಡು

ಏಣಿ ಎಷ್ಟೇ ಚೆನ್ನಾಗಿದ್ದರೂ ಆಟದ ಜೀವ ಚೆಂಡಿನಲ್ಲಿದೆ. ಗಾಲ್ಫ್ ಚೆಂಡು ಇದಕ್ಕೆ ಹೇಳಿ ಮಾಡಿಸಿದ್ದು: ನಿಯಮದಂತೆ ವ್ಯಾಸ 42.67 ಮಿ.ಮೀ.ಗಿಂತ ಕಡಿಮೆಯಿಲ್ಲ, ತೂಕ 45.93 ಗ್ರಾಮಿಗಿಂತ ಹೆಚ್ಚಿಲ್ಲ. ಗಾತ್ರ ಚಿಕ್ಕದು, ತೂಕ ದೊಡ್ಡದು. ಹಗ್ಗ ಕೋಲಿಗೆ ತಾಗಿದ ಕ್ಷಣ ಚೆಂಡು ಮುಂದಕ್ಕೆ ಸಾಗುವ ರಭಸದಿಂದಲೇ ಎರಡು ಮೂರು ಸುತ್ತು ಬೀಳುತ್ತದೆ. ಹಳೆಯ, ಗೀರು ಬಿದ್ದ ಚೆಂಡೇ ಸಾಕು.

ಸಿಗದಿದ್ದರೆ ಬುಗುರಿ ಕಡೆಯುವ ಬಡಗಿಯಿಂದ 45 ಮಿ.ಮೀ. ಮರದ ಗುಂಡು ಮಾಡಿಸಿ. ತೋಟದಲ್ಲಿ ಬೇಕಾದಷ್ಟಿರುವ ಸಿಲ್ವರ್ ಓಕ್ ಇದಕ್ಕೆ ಹಗುರವಾಯಿತು. ಅರಸೀಕೆರೆ, ಕಡೂರು ಕಡೆ ನೇಗಿಲಿಗೆ ಗಾಡಿಗೆ ಬಳಸುವ ಕರಿಜಾಲಿಯಾದರೆ ಗುಂಡಿಗೆ 38-40 ಗ್ರಾಂ ತೂಗುತ್ತದೆ, ಗಾಲ್ಫ್ ಚೆಂಡಿಗೆ ಹತ್ತಿರ. ಎಂಟು ವರ್ಷದೊಳಗಿನ ಮಕ್ಕಳಿಗೆ ಇವೆರಡೂ ಬೇಡ. ಟೆನಿಸ್ ಚೆಂಡು ಕಟ್ಟಿಕೊಡಿ. ತೂಕ 56ರಿಂದ 59 ಗ್ರಾಂ ಇದ್ದರೂ ಮೈ ಮೆತ್ತಗೆ. ಗಾತ್ರ ದೊಡ್ಡದಾದ್ದರಿಂದ ನಿಧಾನವಾಗಿ ಸುತ್ತುತ್ತದೆ, ಅಂಕ ಕಡಿಮೆ ಬೀಳುತ್ತದೆ. ಮಕ್ಕಳನ್ನು ಹತ್ತು ಅಡಿಯಿಂದ ಎಸೆಯಲು ಬಿಟ್ಟರಾಯಿತು.

ತೂತು ಕೊರೆಯುವಾಗ ಚೆಂಡನ್ನು ಕೈಯಲ್ಲಿ ಹಿಡಿಯಬೇಡಿ, ಇದರಲ್ಲಿ ರಾಜಿ ಇಲ್ಲ. ಗಾಲ್ಫ್ ಚೆಂಡಿನ ಒಳಗಿರುವುದು ಗಟ್ಟಿ ರಬ್ಬರು. ಬಿಟ್ಟು ಬಿಸಿಯಾದೊಡನೆ ರಬ್ಬರು ಅದನ್ನು ಕಚ್ಚಿ ಹಿಡಿದು ಚೆಂಡನ್ನೇ ಗಿರ್ರನೆ ತಿರುಗಿಸಿಬಿಡುತ್ತದೆ. ಒಂದು ಹಲಗೆಯಲ್ಲಿ ಚೆಂಡು ಅರ್ಧ ಇಳಿಯುವಷ್ಟು ಅಗಲದ ತೂತು ಮಾಡಿ, ಮೇಲಿಂದ ಅಂಥದೇ ಇನ್ನೊಂದು ಹಲಗೆ ಮುಚ್ಚಿ, ಎರಡನ್ನೂ ವೈಸ್ ಅಥವಾ ಸಿ-ಕ್ಲಾಂಪಿನಲ್ಲಿ ಬಿಗಿಯಿರಿ. 6 ಮಿ.ಮೀ. ಬಿಟ್ಟನ್ನು ನಿಧಾನ ವೇಗದಲ್ಲಿ, ಒಂದು ಸೆಂಟಿಮೀಟರಿಗೊಮ್ಮೆ ಹೊರಗೆಳೆದು ಪುಡಿ ಕೊಡವುತ್ತ ಇಳಿಸಿ. ಬಹಳ ಹಳೆಯ ಕಾಲದ ಚೆಂಡುಗಳಲ್ಲಿ ರಬ್ಬರ್ ದಾರ ಸುತ್ತಿ ನಡುವೆ ದ್ರವ ತುಂಬಿರುವುದುಂಟು. ಸಿಪ್ಪೆ ಸೀಳಿ ದಾರ ಕಾಣುವ ಚೆಂಡು ಸಿಕ್ಕರೆ ಅದನ್ನು ಕೊರೆಯದೆ ಪಕ್ಕಕ್ಕಿಡಿ.

ಹಗ್ಗ 60 ಸೆಂ.ಮೀ. ಉದ್ದದ ಆರು ತುಂಡು. ತುದಿಯನ್ನು ಮೇಣದಬತ್ತಿಗೆ ಹಿಡಿದು ಕರಗುವಾಗ ಒದ್ದೆ ಬಟ್ಟೆಯಲ್ಲಿ ಹಿಚುಕಿ ಚೂಪು ಮಾಡಿದರೆ ಬಿಗಿ ತೂತಿನಲ್ಲೂ ಸಾಗುತ್ತದೆ. ಒಂದು ತುದಿಗೆ ಎಂಟಂಕಿ ಗಂಟು ಹಾಕಿ ಚೆಂಡು ಪೋಣಿಸಿ, ಎರಡನೆಯ ಚೆಂಡು ಪೋಣಿಸಿ, ಚೆಂಡಿನ ನಡುವಿನಿಂದ ನಡುವಿಗೆ 33 ಸೆಂ.ಮೀ. ಬರುವಂತೆ ಎರಡನೆಯ ಗಂಟು ಹಾಕಿ. ಗಂಟು ಹೊರಬದಿಗೆ ಮಾತ್ರ ಸಾಕು; ತೂತು ಬಿಗಿಯಿದ್ದರೆ ಚೆಂಡು ಒಳಕ್ಕೆ ಜಾರುವುದಿಲ್ಲ. ಟೆನಿಸ್ ಚೆಂಡಿಗಾದರೆ ಗಂಟಿನ ಕೆಳಗೆ ಒಂದು ಅಗಲ ವಾಷರ್ ಬೇಕು, ಇಲ್ಲದಿದ್ದರೆ ಗಂಟು ರಬ್ಬರನ್ನು ಹರಿದು ಒಳಗೆ ಸೇರುತ್ತದೆ. ನೈಲಾನ್ ಗಂಟು ಬಿಚ್ಚಿಕೊಳ್ಳುವ ಜಾತಿ. ಆರನ್ನೂ ಒಂದು ರಾತ್ರಿ ನೇತುಹಾಕಿ, ಮರುದಿನ ಜಗ್ಗಿ ಅಳೆದು ಆಮೇಲೆ ಬಾಲ ಕತ್ತರಿಸಿ ಸುಡಿ. ಹಳದಿ, ನೀಲಿ ಬಣ್ಣದ ಬಿರುಸು ಪ್ಲಾಸ್ಟಿಕ್ ಹಗ್ಗ ಬೇಡ. ಅದು ಸುತ್ತಿಕೊಳ್ಳುವ ಬದಲು ಸ್ಪ್ರಿಂಗಿನಂತೆ ಬಿಚ್ಚಿಕೊಳ್ಳುತ್ತದೆ. ಹತ್ತಿ ಹಗ್ಗ ಚೆನ್ನಾಗಿ ಸುತ್ತುತ್ತದೆ, ಆದರೆ ಮಲೆನಾಡಿನ ಒಂದು ಮಳೆಗಾಲ ದಾಟುವುದಿಲ್ಲ.

ಎಲ್ಲಿ ನಿಲ್ಲಿಸುವುದು

ಎರಡು ಏಣಿಗಳ ನಡುವೆ 15 ಅಡಿ, ಅಂದರೆ ದೊಡ್ಡವರ ಐದು ಹೆಜ್ಜೆ. ಏಣಿಯ ಹಿಂದೆ ಆರೇಳು ಅಡಿ ಖಾಲಿ ಬೇಕು. ಜಾಗ ಒಟ್ಟು 30 ಅಡಿ ಉದ್ದ, 10 ಅಡಿ ಅಗಲ.

ಕಾಫಿ ಕಣ ನೋಡಲು ಇದಕ್ಕೇ ಮಾಡಿದಂತಿದೆ, ಮಟ್ಟವಾಗಿ ಅಗಲವಾಗಿ. ಆದರೆ ನವೆಂಬರಿನಿಂದ ಹಣ್ಣು ಕೊಯ್ದು ಮುಗಿಯುವವರೆಗೆ ಕಣ ಖಾಲಿ ಸಿಗುವುದಿಲ್ಲ. ಸಿಕ್ಕಾಗಲೂ ಕಾಂಕ್ರೀಟಿಗೆ ಬಡಿದ ಗಾಲ್ಫ್ ಚೆಂಡು ಆಳೆತ್ತರ ಪುಟಿಯುತ್ತದೆ. ಏಣಿಯ ಕೆಳಗೆ ನಾಲ್ಕಾರು ಗೋಣಿಚೀಲ ಹಾಸಿ. ಹಿಂದೆ ಹಸಿರು ಶೇಡ್ ನೆಟ್ ಎರಡು ಗೂಟಕ್ಕೆ ಕಟ್ಟಿದರೆ ಚೆಂಡು ಗಿಡದ ಸಾಲಿಗೆ ನುಗ್ಗುವುದಿಲ್ಲ. ಜೂನ್ ಕಳೆದ ಮೇಲೆ ಕಾಫಿ ಗಿಡದ ಬುಡದಲ್ಲಿ ಚೆಂಡು ಹುಡುಕುವವರಿಗೆ ಚೆಂಡಿಗಿಂತ ಮೊದಲು ಉಂಬಳ ಸಿಗುತ್ತದೆ.

ಒಂದು ಏಣಿಯ ತೂಕ ಎರಡೂವರೆ ಕಿಲೋ ಒಳಗೆ. ಬಲವಾಗಿ ಬಿದ್ದ ಚೆಂಡಿಗೂ ಬಯಲುಸೀಮೆಯ ಆಷಾಢದ ಗಾಳಿಗೂ ಅದು ಹಿಂದಕ್ಕೆ ಮಗುಚುತ್ತದೆ. ಭಾರ ಇಡಲು ಬಹಳ ಜನ ಹಿಂದಿನ ಪಟ್ಟಿಯನ್ನು ಆರಿಸುತ್ತಾರೆ. ಅದರಿಂದ ಪ್ರಯೋಜನವಿಲ್ಲ. ಏಣಿ ಮಗುಚುವಾಗ ತಿರುಗುವುದೇ ಹಿಂದಿನ ಪಟ್ಟಿಯ ಮೇಲೆ. ಅಲ್ಲಿಟ್ಟ ಭಾರ ತಡೆಯುವುದು ಏನನ್ನೂ ಅಲ್ಲ. ಮೂರು ಕಿಲೋ ಮರಳಿನ ಚೀಲವನ್ನು ಮುಂದಿನ ಪಟ್ಟಿಯ ಮೇಲೆ ಹಾಕಿ. ಮಣ್ಣಿನ ಅಂಗಳವಾದರೆ 8 ಮಿ.ಮೀ. ಕಬ್ಬಿಣದ ಸರಳನ್ನು ಒಂದಡಿ ಉದ್ದಕ್ಕೆ ಕೊಕ್ಕೆಯಾಗಿ ಬಗ್ಗಿಸಿ ಮುಂದಿನ ಪಟ್ಟಿಯ ಮೇಲೆ ಎರಡು ಕಡೆ ಹೊಡೆಯಿರಿ. ಚನ್ನರಾಯಪಟ್ಟಣ, ಅರಸೀಕೆರೆ ಕಡೆಯ ಬೇಸಿಗೆಯ ನೆಲಕ್ಕೆ ಹಿಂದಿನ ಸಂಜೆ ನೀರು ಹಾಕಿದರೆ ಮಾತ್ರ ಕೊಕ್ಕೆ ಇಳಿಯುತ್ತದೆ. ಪೈಪಿನೊಳಗೆ ಮರಳು ತುಂಬುವ ಉಪಾಯವೂ ಚಾಲ್ತಿಯಲ್ಲಿದೆ. ಲೆಕ್ಕ ಹಾಕಿದರೆ ಒಂದು ಪಟ್ಟಿಯಲ್ಲಿ ಹಿಡಿಯುವುದು ಮುನ್ನೂರು ಗ್ರಾಂ ಚಿಲ್ಲರೆ, ಶ್ರಮ ದಂಡ.

ಇಳಿಜಾರು ಅಂಗಳದಲ್ಲಿ ಏಣಿಗಳನ್ನು ಮೇಲೆ ಕೆಳಗೆ ಇಡದೆ ಇಳಿಜಾರಿಗೆ ಅಡ್ಡಲಾಗಿ ಇಡಿ, ತಗ್ಗಿನ ಪಾದದ ಕೆಳಗೆ ಚಪ್ಪಟೆ ಕಲ್ಲು ಕೊಡಿ.

ಎಸೆತ ಮತ್ತು ಲೆಕ್ಕ

ಒಂದು ಚೆಂಡನ್ನು ಬೆರಳಲ್ಲಿ ಹಿಡಿದು ಇನ್ನೊಂದನ್ನು ಜೋತುಬಿಟ್ಟು, ಕೈ ಕೆಳಗಿನಿಂದ ಬೀಸಿ ಬಿಡಿ. ಜೋಡಿಚೆಂಡು ಗಾಳಿಯಲ್ಲಿ ಬಂಡಿಯ ಚಕ್ರದ ಹಾಗೆ ನಿಂತು ಉರುಳಬೇಕು. ಆಗ ಹಗ್ಗ ಅಡ್ಡಕೋಲಿಗೆ ಅಡ್ಡ ಬೀಳುತ್ತದೆ, ಒಂದು ಚೆಂಡು ಮೇಲಿಂದ ಒಂದು ಕೆಳಗಿಂದ ಸುತ್ತುತ್ತವೆ. ಚಪ್ಪಟೆಯಾಗಿ ತಿರುಗುತ್ತ ಹೋದರೆ ಹಗ್ಗವೂ ಕೋಲೂ ಒಂದೇ ನೇರಕ್ಕೆ ಬಂದು ಜಾರಿಬೀಳುತ್ತದೆ. ಬೀಸು ಜೋರಾಗಿ, ಎತ್ತರ ಕಡಿಮೆ ಎಸೆದರೆ ಚೆಂಡೇ ನೇರ ಕೋಲಿಗೆ ಬಡಿದು ವಾಪಸು ಬರುತ್ತದೆ. ತಲೆಯೆತ್ತರಕ್ಕೆ ಏರಿ ಇಳಿಯುವ ಎಸೆತ ಚೆನ್ನ.

ಒಬ್ಬರು ತಮ್ಮ ಮೂರು ಜೋಡಿಚೆಂಡನ್ನೂ ಒಂದೊಂದಾಗಿ ಎಸೆದ ಮೇಲೆ ಇನ್ನೊಬ್ಬರ ಸರದಿ. ಮೇಲಿನ ಕೋಲಿಗೆ 3, ನಡುವಿನದಕ್ಕೆ 2, ಕೆಳಗಿನದಕ್ಕೆ 1. ಮೂರೂ ಒಂದೇ ಕೋಲಿಗೆ ಬಿದ್ದರೆ, ಅಥವಾ ಮೂರು ಕೋಲಿಗೆ ಒಂದೊಂದು ಬಿದ್ದರೆ, ಹೆಚ್ಚಿನ 1 ಅಂಕ. ನೆಲಕ್ಕೆ ಪುಟಿದು ಹೋಗಿ ಸುತ್ತಿಕೊಂಡರೂ ಲೆಕ್ಕಕ್ಕುಂಟು. ಎದುರಾಳಿಯ ಚೆಂಡನ್ನು ಹೊಡೆದು ಬೀಳಿಸುವುದೂ ಆಟದ ಭಾಗವೇ: ಸುತ್ತು ಮುಗಿದಾಗ ನೇತಾಡುತ್ತಿರುವುದಕ್ಕೆ ಮಾತ್ರ ಅಂಕ. ಆದ್ದರಿಂದ ಎರಡನೆಯವರಾಗಿ ಎಸೆಯುವುದು ಲಾಭ. ಹಿಂದಿನ ಸುತ್ತು ಗೆದ್ದವರು ಮೊದಲು ಎಸೆಯುವುದು ವಾಡಿಕೆ. ಸರಿಯಾಗಿ 21ಕ್ಕೆ ಮುಟ್ಟಿದವರಿಗೆ ಗೆಲುವು. 19ರಲ್ಲಿದ್ದು 3 ಬಿದ್ದರೆ ಆ ಸುತ್ತಿನ ಅಂಕವೆಲ್ಲ ಹೋಗಿ ಮತ್ತೆ 19. ಕೊನೆಗೆ ಎಲ್ಲರೂ ಕೆಳಗಿನ ಕೋಲಿಗೆ ಗುರಿಯಿಡುವುದು ಇದರಿಂದಲೇ.

ಆಡುತ್ತ ಆಡುತ್ತ ಕಾಣುವ ತೊಂದರೆಗಳಿಗೆ ಕಾರಣ ಹುಡುಕುವುದು ಕಷ್ಟವಲ್ಲ. ಸುತ್ತಿ ಬಿಚ್ಚಿಕೊಳ್ಳುತ್ತಿದ್ದರೆ ಹಗ್ಗ ಬಿರುಸು ಅಥವಾ ಕೋಲು ನುಣುಪು. ಒಂದೇ ಜೋಡಿ ಎರಡು ಕೋಲಿಗೂ ಸಿಕ್ಕಿಕೊಂಡು ಜಗಳವಾಗುತ್ತಿದ್ದರೆ ಆ ಹಗ್ಗ ಎಳೆದು ಉದ್ದವಾಗಿದೆ, ಅಳೆದು ಗಂಟು ಬದಲಿಸಿ. ಏಣಿ ಅಡ್ಡಕ್ಕೆ ವಾಲುತ್ತಿದ್ದರೆ ಸ್ಕ್ರೂ ತೂತು ಹಿಗ್ಗಿದೆ, ಕಾಲು ಸುತ್ತು ಪಕ್ಕಕ್ಕೆ ಹೊಸ ತೂತು ಕೊರೆಯಿರಿ.

ವರ್ಷಗಟ್ಟಲೆ ಬಿಸಿಲಲ್ಲೇ ಬಿಟ್ಟ ಪಿವಿಸಿಯ ಮೈ ಸುಣ್ಣದ ಪುಡಿಯಾಗಿ ಬಿರುಸಾಗುತ್ತದೆ, ಆಟ ಮುಗಿದ ಮೇಲೆ ಸೂರಿನಡಿ ಇಡಿ. ಆದರೂ ಮೊದಲು ಹೋಗುವುದು ನಡುವಿನ ಅಡ್ಡಕೋಲು, ಅದಕ್ಕೇ ಪೆಟ್ಟು ಜಾಸ್ತಿ. ಅದೊಂದನ್ನು ಬದಲಿಸಲು ಒಂದು ಪಕ್ಕದ ಐದೂ ಸ್ಕ್ರೂ, ಆ ಕೋಲಿನ ಇನ್ನೊಂದು ತುದಿಯ ಸ್ಕ್ರೂ ಬಿಚ್ಚಿ ಪಕ್ಕವನ್ನೇ ಹೊರಕ್ಕೆ ಎಳೆಯಬೇಕು, ಅದೇ ಅಳತೆಯ ಹೊಸ ಕೋಲಿಗೆ ಮತ್ತೆ ಉಪ್ಪುಕಾಗದ ಹಿಡಿಯಬೇಕು. ಹಳೆಯ ಕೋಲು ತೆಗೆಯುವಾಗ ಬರದಿದ್ದರೆ ಟೀಯ ಮೇಲೆ ಕುದಿಯುವ ನೀರು ಸುರಿದು, ಬಟ್ಟೆ ಸುತ್ತಿ ತಿರುಚಿದರೆ ಬಿಟ್ಟುಕೊಡುತ್ತದೆ.